ಎಡಗೈಯೋ ಬಲಗೈಯೋ, ಅಜ್ಜನ ಉಂಗುರ ಕರಗಿಸಬಹುದೋ?

ಪ್ರಶ್ನೆ: ನಾನು ದಾವಣಗೆರೆಯವಳು, ಆಸ್ಪತ್ರೆಯೊಂದರ ಶಸ್ತ್ರಚಿಕಿತ್ಸಾ ಕೊಠಡಿಯಲ್ಲಿ ನರ್ಸ್ ಆಗಿದ್ದೇನೆ. ಚಳ್ಳಕೆರೆಯ ಹುಡುಗನೊಂದಿಗೆ ಮದುವೆ ಗೊತ್ತಾಗಿದೆ. ಅವರದು ಎಣ್ಣೆ ಗಿರಣಿ. ಎರಡೂ ಮನೆಯವರು ಲಿಂಗಾಯತರು. ನಿಶ್ಚಿತಾರ್ಥದಲ್ಲಿ ಉಂಗುರ ಬದಲಾಯಿಸಿಕೊಳ್ಳುವುದು ಎಂದಾಗಿದೆ, ಆದರೆ ಎಡಗೈಗೆ ಹಾಕಲೇಬಾರದು ಎಂದು ಹುಡುಗನ ಸೋದರತ್ತೆ ಪಟ್ಟು ಹಿಡಿದಿದ್ದಾರೆ. ಹುಡುಗನ ಜಾತಕ ನೋಡಿದವರು ನಡುಬೆರಳಿಗೆ ಐದು ರತ್ತಿಯ ನೀಲದ ಉಂಗುರ ಆಗಬೇಕು ಎಂದಿದ್ದಾರಂತೆ. ನಮ್ಮ ಮನೆಯಲ್ಲಿ ಅಜ್ಜ 1964ರಲ್ಲಿ ತಮ್ಮ ಮದುವೆಗೆ ಮಾಡಿಸಿದ ಆರು ಗ್ರಾಂ ಉಂಗುರವಿದೆ. ಆಮೇಲೆ ಅದನ್ನು ಅಪ್ಪ ಹಾಕಿಕೊಳ್ಳುತ್ತಿದ್ದರು. ಈಗ ಅಪ್ಪ ಇಲ್ಲ. ಅದನ್ನು ಕರಗಿಸಿ ಹುಡುಗನಿಗೆ ಉಂಗುರ ಮಾಡಿಸೋಣ ಎಂದು ಅಮ್ಮನ ಆಸೆ. ತೀರಿಕೊಂಡವರ ಒಡವೆ ಶುಭಕಾರ್ಯಕ್ಕೆ ಬೇಡ ಎನ್ನುತ್ತಾರೆ ದೊಡ್ಡಮ್ಮ. ಇದರ ಮೇಲೆ ಕಾಲುಂಗುರ ಹಾಕಿಕೊಂಡು ದಿನವಿಡೀ ಶೂ ಧರಿಸುವುದು ಹೇಗೆ ಎಂಬ ಚಿಂತೆ ನನ್ನದು. ದಯವಿಟ್ಟು ವಿವರವಾಗಿ ತಿಳಿಸಿ.

ಉತ್ತರ: ತಾಯೀ, ನಾಲ್ಕು ಪ್ರಶ್ನೆಗಳನ್ನು ಒಂದೇ ಗಂಟಿನಲ್ಲಿ ಕಟ್ಟಿ ಕಳಿಸಿದ್ದೀರಿ. ಇವುಗಳಲ್ಲಿ ಕೆಲವು ಎರಡು ಮನೆಯವರು ಕುಳಿತು ಮಾತಾಡಿದರೆ ಬಗೆಹರಿಯುತ್ತವೆ. ಇನ್ನು ಕೆಲವು ಯಾರು ಎಷ್ಟು ಮಾತಾಡಿದರೂ ಬದಲಾಗುವುದಿಲ್ಲ, ಏಕೆಂದರೆ ಅಲ್ಲಿ ತೀರ್ಪು ಕೊಡುವುದು ಲೋಹ, ಇಲ್ಲವೆ ಮೈ. ನಾನು ಅಕ್ಕಸಾಲಿಗರ ಮನೆಯವನು, ಪುರೋಹಿತನಲ್ಲ. ಎರಡನೆಯ ಬಗೆಯ ಪ್ರಶ್ನೆಗಳ ಮೇಲೆ ನನಗೆ ಹಿಡಿತ ಹೆಚ್ಚು. ಮೊದಲನೆಯದರ ಬಗ್ಗೆ ಅಭಿಪ್ರಾಯವಂತೂ ಇದ್ದೇ ಇದೆ.

ಸೋದರತ್ತೆಯವರ ಮಾತಿನಿಂದಲೇ ಶುರು ಮಾಡೋಣ. ಮದುವೆ ಮನೆಯಲ್ಲಿ ಮನಸ್ತಾಪ ಹುಟ್ಟುವುದು ಬಂಗಾರದ ತೂಕಕ್ಕಿಂತ ಇಂಥ ಮಾತುಗಳಿಂದಲೇ ಹೆಚ್ಚು. ಲಿಂಗಾಯತ ಮನೆಯಲ್ಲಿ ಎಡಗೈ ಅಶುಭ ಎಂದರೆ ನನಗೆ ಸ್ವಲ್ಪ ಸೋಜಿಗವೇ. ಇಷ್ಟಲಿಂಗವನ್ನು ಇಟ್ಟು ಪೂಜಿಸುವುದು ಎಡ ಅಂಗೈಯ ಮೇಲೆ, ಅದನ್ನೇ ಕರಪೀಠ ಎನ್ನುತ್ತಾರೆ. ಲಿಂಗಕ್ಕೆ ಪೀಠವಾಗುವ ಕೈ ಗುಂಜಿ ತೂಕದ ಬಂಗಾರಕ್ಕೆ ಮೈಲಿಗೆಯಾಗುತ್ತದೆಯೇ? ಆದರೂ ಇದನ್ನು ನಿಶ್ಚಿತಾರ್ಥದ ದಿನ ಎಲ್ಲರೆದುರು ಹೇಳಿ ಅವರ ಬಾಯಿ ಕಟ್ಟಬೇಡಿ. ಹುಡುಗನಿಂದ ಮೊದಲೇ ಮೆಲ್ಲಗೆ ಹೇಳಿಸಿ.

ಬಲಗೈಯ ಪರವಾಗಿ ಅವರು ಹೇಳುವುದಕ್ಕೂ ಆಧಾರವಿಲ್ಲದಿಲ್ಲ. ಕೊಡುವುದು, ತೆಗೆದುಕೊಳ್ಳುವುದು, ಉಣ್ಣುವುದು ಎಲ್ಲ ಬಲಗೈಯಲ್ಲಿ ಎಂಬುದು ನಮ್ಮ ನಡವಳಿಕೆ. ಬ್ರಾಹ್ಮಣರ ಮನೆಗಳಲ್ಲಿ ಸಂಕಲ್ಪಕ್ಕೆ ಕೂರುವಾಗ ದರ್ಭೆಯ ಪವಿತ್ರವನ್ನು ಬಲಗೈಯ ಉಂಗುರ ಬೆರಳಿಗೇ ಹಾಕಿಕೊಳ್ಳುತ್ತಾರೆ. ಹೆಣ್ಣಿಗೆ ಎಡ, ಗಂಡಿಗೆ ಬಲ ಎಂಬ ಮಾತೂ ಇದೆ, ಬಹಳ ಮನೆಗಳಲ್ಲಿ ನಿಶ್ಚಿತಾರ್ಥದ ಉಂಗುರವನ್ನು ಹಾಗೆಯೇ ಹಾಕುತ್ತಾರೆ. ಹೊರದೇಶಗಳಲ್ಲಿಯೂ ಒಮ್ಮತವಿಲ್ಲ. ಇಂಗ್ಲೆಂಡ್, ಅಮೆರಿಕದಲ್ಲಿ ಮದುವೆಯ ಉಂಗುರ ಎಡಗೈಗೆ, ಜರ್ಮನಿ, ರಷ್ಯಾ, ಪೋಲೆಂಡ್‌ಗಳಲ್ಲಿ ಬಲಗೈಗೆ. ಬೇಲೂರಿನ ಮದನಿಕೆಯರ ಕೈಕಾಲುಗಳನ್ನು ಸಾವಕಾಶವಾಗಿ ನೋಡಿದರೆ ಎಡ ಬಲ ಎಂಬ ಪಂಕ್ತಿಭೇದವಿಲ್ಲದೆ ಉಂಗುರಗಳು ಕಾಣುತ್ತವೆ. ಶಿಲ್ಪಿಗೆ ಆ ಚಿಂತೆ ಇದ್ದಂತಿಲ್ಲ.

ಇನ್ನೊಂದು ಸಂಗತಿ. ಹುಡುಗ ಹುಡುಗಿ ಎದುರುಬದುರು ನಿಂತು ಉಂಗುರ ಬದಲಾಯಿಸಿಕೊಳ್ಳುವುದೇ ನಮ್ಮ ಕಡೆ ಇತ್ತೀಚಿನದು. ಇಲ್ಲಿನ ನಿಶ್ಚಯಕ್ಕೆ ಬೇಕಾಗಿದ್ದದ್ದು ಎಲೆ ಅಡಿಕೆ, ಹುಡುಗಿಗೆ ಉಡಿ ತುಂಬುವುದು, ನಾಲ್ಕು ಮಂದಿ ಹಿರಿಯರ ಎದುರಿನ ಮಾತು. ಉಂಗುರ ಇರಲಿಲ್ಲ ಎಂದಲ್ಲ. ಅದು ಮಾವ ಅಳಿಯನಿಗೆ ಹಾಕುತ್ತಿದ್ದ ಉಂಗುರ, ಅಥವಾ ತೊಟ್ಟಿಲ ಕೂಸಿಗೆ ಸೋದರಮಾವ ತರುತ್ತಿದ್ದ ಉಂಗುರ. ಮದುವೆ ಮುಗಿದ ಮೇಲೆ ಓಕುಳಿ ನೀರಿನ ಪಾತ್ರೆಗೆ ಉಂಗುರ ಹಾಕಿ ಗಂಡ ಹೆಂಡತಿ ಇಬ್ಬರನ್ನೂ ಹುಡುಕಲು ಬಿಡುವ ಆಟ ಇಂದಿಗೂ ನಡೆಯುತ್ತದೆ. ಯಾರ ಕೈಗೆ ಸಿಗುತ್ತದೋ ಮನೆಯಲ್ಲಿ ಅವರದೇ ಕಾರುಬಾರು ಎಂದು ನಗುತ್ತಾರೆ. ಜೋಡಿ ಉಂಗುರದ ಕೆಲಸ ನನ್ನ ತಂದೆಯ ಕಾಲದಲ್ಲಿ ನಮ್ಮ ಅಂಗಡಿಗೆ ಬರುತ್ತಲೇ ಇರಲಿಲ್ಲ. ವಜ್ರವೇ ಆಗಬೇಕು ಎಂಬ ಹಂಬಲವಂತೂ ಇನ್ನೂ ಹೊಸದು. ಅದರ ಬೇರು ಡಿ ಬಿಯರ್ಸ್ ಕಂಪನಿಗಾಗಿ 1947ರಲ್ಲಿ ಅಮೆರಿಕದಲ್ಲಿ ಬರೆದ ‘ವಜ್ರ ಎಂದೆಂದಿಗೂ’ ಎಂಬ ಜಾಹೀರಾತಿನ ಸಾಲಿನಲ್ಲಿದೆ. ಹೀಗಿರುವಾಗ ಈ ಬದಲಾವಣೆಯ ಉಂಗುರಕ್ಕೆ ಯಾವ ಕೈ ಎಂದು ನಮ್ಮ ಹಿರಿಯರು ಕಟ್ಟಿಟ್ಟ ಕಟ್ಟಳೆ ಇರಲು ಸಾಧ್ಯವೇ ಇಲ್ಲ. ಇದು ಮನೆಯವರೇ ಒಪ್ಪಿ ನಡೆಸಿಕೊಳ್ಳಬೇಕಾದ ವಿಷಯ.

ನನ್ನನ್ನು ಕೇಳಿದರೆ ಎಡಗೈಯೇ ಅನುಕೂಲ. ರೊಟ್ಟಿ ಹಿಟ್ಟು ನಾದುವಾಗ, ಸಾರು ಅನ್ನ ಕಲಸುವಾಗ ಬಲಗೈಯ ಉಂಗುರದ ಸಂದಿಯಲ್ಲಿ ಕೊಳೆ ಕೂರುತ್ತದೆ. ಬಲಗೈಯ ಉಂಗುರ ಬೇಗ ಸವೆಯುತ್ತದೆ ಕೂಡ. ಸೋದರತ್ತೆ ಒಪ್ಪದಿದ್ದರೆ ಶಾಸ್ತ್ರದ ದಿನ ಬಲಗೈಗೆ ಹಾಕಿಸಿಕೊಳ್ಳಿ, ಮರುದಿನದಿಂದ ನಿಮಗೆ ಹೊಂದುವ ಕೈಗೆ ಹಾಕಿಕೊಳ್ಳಿ. ಆದರೆ ಎರಡೂ ಕೈಯ ಅದೇ ಬೆರಳಿನ ಅಳತೆ ಸಾಮಾನ್ಯವಾಗಿ ಒಂದೇ ಇರುವುದಿಲ್ಲ, ಹೆಚ್ಚು ಕೆಲಸ ಮಾಡುವ ಕೈಯ ಬೆರಳು ತುಸು ದಪ್ಪ. ನಮ್ಮ ಅಂಗಡಿಗಳ ಲೆಕ್ಕದಲ್ಲಿ ಒಂದು ನಂಬರ್ ಎಂದರೆ ಸುತ್ತಳತೆಯಲ್ಲಿ ಒಂದು ಮಿಲಿಮೀಟರ್. ಅರ್ಧ ಒಂದು ನಂಬರ್ ಹೆಚ್ಚು ಕಡಿಮೆಯಾದರೂ ಉಂಗುರ ಬಿಗಿಯುತ್ತದೆ, ಇಲ್ಲವೆ ಜಾರುತ್ತದೆ. ಅಳತೆಯನ್ನು ಸಂಜೆಯ ಹೊತ್ತು ಕೊಡಿ. ಬೆಳಗಿನ ಚಳಿಯಲ್ಲಿ ಬೆರಳು ಸೊರಗಿರುತ್ತದೆ, ದಾವಣಗೆರೆಯ ಏಪ್ರಿಲ್ ಬಿಸಿಲಿಗೆ ಅದೇ ಬೆರಳು ಉಬ್ಬುತ್ತದೆ. ಉಂಗುರ ಗೆಣ್ಣನ್ನು ದಾಟುವಾಗ ತುಸು ತಡೆಯಬೇಕು, ದಾಟಿದ ಮೇಲೆ ಸಲೀಸಾಗಿ ತಿರುಗಬೇಕು.

ಉಂಗುರ ಬೆರಳಿನಿಂದ ಹೃದಯಕ್ಕೆ ನೇರವಾದ ನಾಳವೊಂದಿದೆ, ಅದಕ್ಕೇ ಆ ಬೆರಳು ಎಂಬ ಮಾತನ್ನು ನೀವು ಕೇಳಿರಬಹುದು. ಈಜಿಪ್ಟಿನವರು ಹೀಗೆ ನಂಬಿದ್ದರೆಂದು ರೋಮಿನ ಬರಹಗಾರರು ಸುಮಾರು 1,800 ವರ್ಷಗಳ ಹಿಂದೆಯೇ ಬರೆದಿಟ್ಟಿದ್ದಾರೆ. ನಮ್ಮಲ್ಲಿ ಅದರ ತಂಗಿಯಂಥ ಇನ್ನೊಂದು ಕತೆ ಓಡಾಡುತ್ತಿದೆ: ಕಾಲಿನ ಎರಡನೆಯ ಬೆರಳಿನಿಂದ ಗರ್ಭಕೋಶಕ್ಕೆ ನರವಿದೆ, ಕಾಲುಂಗುರ ಅದನ್ನು ಒತ್ತುತ್ತದೆ, ಆದ್ದರಿಂದ ಇದು ನಮ್ಮ ಪೂರ್ವಿಕರ ವಿಜ್ಞಾನ ಎಂದು. ನೀವು ನರ್ಸ್, ಅಂಗರಚನೆ ಓದಿದವರು, ಅಂಥ ನೇರ ನರ ಇಲ್ಲವೆಂದು ನಾನು ನಿಮಗೆ ಹೇಳಬೇಕಾಗಿಲ್ಲ. ಆ ಕೈಯಲ್ಲಿ ಒಂದು ನಾಳ, ಈ ಕಾಲಿನಲ್ಲಿ ಒಂದು ನರ. ಆಚಾರಕ್ಕೆ ವೈದ್ಯರ ಚೀಟಿ ಬೇಕು ಎಂಬ ಆತುರ ಎಲ್ಲ ಊರಿನವರಿಗೂ ಇದೆ. ಆ ಚೀಟಿ ಇಲ್ಲದಿದ್ದರೂ ಕಾಲುಂಗುರದ ಘನತೆಗೆ ಏನೂ ಕುಂದಿಲ್ಲ.

ನಮ್ಮ ಸೀಮೆಯಲ್ಲಿ ಮದುವೆಯಾದ ಹೆಣ್ಣಿನ ಗುರುತಾಗಿ ನಿಲ್ಲುವ ಉಂಗುರ ಕೈಯದಲ್ಲ, ಕಾಲಿನದು. ಅದು ಬೆಳ್ಳಿಯದೇ. ಬಂಗಾರವನ್ನು ಲಕ್ಷ್ಮಿ ಎನ್ನುವ ನಾವು ಅದನ್ನು ಸೊಂಟದ ಕೆಳಗೆ ತೊಡುವುದಿಲ್ಲ. ಹೆಬ್ಬೆರಳಿನ ಪಕ್ಕದ ಬೆರಳಿಗೆ ಕಾಲುಂಗುರ, ಕೆಲವು ಮನೆಗಳಲ್ಲಿ ಅದರ ಆಚೆಯ ಬೆರಳುಗಳಿಗೆ ಪಿಲ್ಲಿ, ಮಿಂಚು. ಸುತ್ತಿನ ಸಂಖ್ಯೆ, ಮಾದರಿ ಮನೆಯಿಂದ ಮನೆಗೆ ಬೇರೆ. ನನ್ನ ತಂದೆ ಮದುವೆ ಮನೆಗೇ ಹೋಗಿ ಮದುಮಗಳ ಕಾಲನ್ನು ಮಣೆಯ ಮೇಲೆ ಇಡಿಸಿಕೊಂಡು, ಬೆರಳಿನ ಅಳತೆಗೆ ತಕ್ಕಂತೆ ಚಿಮ್ಮಟಿಗೆಯಿಂದ ಬಿಗಿ ಮಾಡಿ ಬರುತ್ತಿದ್ದರು. ಇಂದು ಅಂಗಡಿಯ ಪೊಟ್ಟಣದಲ್ಲಿ ಬರುವ ಕಾಲುಂಗುರಕ್ಕೆ ಆ ಹೊಂದಾಣಿಕೆ ಇರುವುದಿಲ್ಲ. ನಿಮ್ಮ ಶೂ ತೊಂದರೆಯ ಅರ್ಧ ಕಾರಣ ಇದೇ.

ಹೀಗೆ ಮಾಡಿ. ಮೇಲ್ಭಾಗದಲ್ಲಿ ಗೆಜ್ಜೆ, ಹೂವು, ಕಲ್ಲು ಏನೂ ಇಲ್ಲದ, ಚಪ್ಪಟೆ ಪಟ್ಟಿಯ, ಕೆಳಗೆ ಬಾಯಿ ತೆರೆದಿರುವ ಒಂದು ಸುತ್ತಿನ ಕಾಲುಂಗುರ ಮಾಡಿಸಿ. ಬಾಯಿಯ ತುದಿಗಳನ್ನು ಅರದಿಂದ ಉಜ್ಜಿ ದುಂಡಗೆ ಮಾಡಿಸಿ, ಕಾಲುಚೀಲ ಹರಿಯುವುದು ಆ ತುದಿಗಳಿಂದಲೇ. ಬೆರಳಿನ ಬುಡಕ್ಕೆ ಕೂರಬೇಕು, ನಡುಗೆಣ್ಣಿನ ಮೇಲೆ ಅಲ್ಲ. ಶೂ ಮುಂಭಾಗ ಕಿರಿದಾಗಿದ್ದರೆ ಕಾಲುಂಗುರವನ್ನು ದೂರುವ ಮೊದಲು ಶೂ ಬದಲಾಯಿಸಿ. ಬೆವರಿನಲ್ಲಿ ಬೆಳ್ಳಿ ಕಪ್ಪಾಗುವುದು ಗಂಧಕದ ಅಂಶದಿಂದ, ಅದು ದೋಷವೂ ಅಲ್ಲ, ದೃಷ್ಟಿಯೂ ಅಲ್ಲ. ಆದರೆ ಕೆಳಗಿನ ಚರ್ಮ ಕೆಂಪಾಗಿ ತುರಿಸಿದರೆ ಬೆಳ್ಳಿಯಲ್ಲಿ ಬೇರೆ ಲೋಹ ಹೆಚ್ಚಿದೆಯೇ ಎಂದು ನೋಡಿಸಬೇಕು. ನಿಕ್ಕಲ್ ಸೇರಿದ್ದರೆ ಬಹಳ ಜನರಿಗೆ ಆಗುವುದಿಲ್ಲ. ಕೆಲಸದ ದಿನ ತೆಗೆದಿಟ್ಟು ಹಬ್ಬ ಹರಿದಿನಕ್ಕೆ ಹಾಕಿಕೊಳ್ಳುವ ಮದುವೆಯಾದ ಹೆಂಗಸರು ಈಗ ಎಷ್ಟೋ ಜನ ಇದ್ದಾರೆ. ಅವರ ಸಂಸಾರಕ್ಕೇನೂ ಆಗಿಲ್ಲ.

ನಿಮ್ಮ ವೃತ್ತಿಗೆ ನಿಜವಾಗಿ ಅಡ್ಡ ಬರುವುದು ಕೈಯ ಉಂಗುರ. ಶಸ್ತ್ರಚಿಕಿತ್ಸೆಗೆ ಕೈ ತೊಳೆಯುವ ಮೊದಲು ಉಂಗುರ, ಗಡಿಯಾರ, ಬಳೆ ತೆಗೆಯಬೇಕು ಎಂಬುದು ವಿಶ್ವ ಆರೋಗ್ಯ ಸಂಸ್ಥೆಯ ಮಾರ್ಗಸೂಚಿಯಲ್ಲೇ ಇದೆ, ನಿಮಗೆ ದಿನವೂ ಗೊತ್ತಿರುವ ಸಂಗತಿ. ನಿಶ್ಚಿತಾರ್ಥದ ಉಂಗುರ ಬೆರಳಿನಿಂದ ತೆಗೆಯುವುದು ಅಪಶಕುನ ಎಂದು ಯಾರಾದರೂ ಹೇಳುವ ಮುಂಚೆಯೇ ಇದನ್ನು ಅತ್ತೆ ಮನೆಗೆ ತಿಳಿಸಿಬಿಡಿ. ತೆಗೆದದ್ದನ್ನು ಸಮವಸ್ತ್ರದ ಜೇಬಿಗೆ ಹಾಕಬೇಡಿ. ಬಟ್ಟೆ ಒಗೆಯುವವರ ಬಳಿಗೆ ಹೋಗಿ ಕಳೆದ ಉಂಗುರಗಳ ಕತೆ ನಾನು ಬೇಕಾದಷ್ಟು ಕೇಳಿದ್ದೇನೆ. ಕೆಲಸದ ದಿನ ಅದು ಮನೆಯಲ್ಲೇ ಇರಲಿ.

ಈಗ ಅಜ್ಜನ ಉಂಗುರ. ನಿಮ್ಮ ಪತ್ರದಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ್ದು 1964 ಎಂಬ ಇಸವಿ. 1963ರ ಜನವರಿಯಲ್ಲಿ, ಮೊರಾರ್ಜಿ ದೇಸಾಯಿ ಅವರು ಹಣಕಾಸು ಸಚಿವರಾಗಿದ್ದಾಗ, ಬಂಗಾರ ನಿಯಂತ್ರಣದ ನಿಯಮಗಳು ಜಾರಿಗೆ ಬಂದವು. 14 ಕ್ಯಾರೆಟ್‌ಗಿಂತ ಹೆಚ್ಚು ಶುದ್ಧತೆಯ ಹೊಸ ಒಡವೆ ಮಾಡುವಂತಿಲ್ಲ ಎಂದಾಯಿತು. ಚೀನಾ ಯುದ್ಧದ ನಂತರದ ದಿನಗಳು, ವಿದೇಶಿ ವಿನಿಮಯಕ್ಕೆ ತತ್ವಾರ. ದೇಶದುದ್ದಕ್ಕೂ ಅಕ್ಕಸಾಲಿಗರ ಕೈಗೆ ಕೆಲಸವಿಲ್ಲದಂತಾಯಿತು. ನಮ್ಮ ಕುಲದಲ್ಲಿ ಆ ಕಾಲವನ್ನು ನೆನೆದರೆ ಈಗಲೂ ಹಿರಿಯರು ಮಾತು ನಿಲ್ಲಿಸುತ್ತಾರೆ. 14 ಕ್ಯಾರೆಟ್ ಮಿತಿ 1966ರಲ್ಲಿ ಹೋಯಿತು, ಬಂಗಾರ ನಿಯಂತ್ರಣ ಕಾಯ್ದೆ ಪೂರ್ತಿ ರದ್ದಾದದ್ದು 1990ರಲ್ಲಿ. ನಿಮ್ಮ ಅಜ್ಜನ ಉಂಗುರ ಸರಿಯಾಗಿ ಆ ಮಿತಿಯ ನಡುವೆ ಹುಟ್ಟಿದ್ದು. ಹಳೆಯ ಒಡವೆಯನ್ನು ಮುರಿಸಿ ಮನೆಯ ಆಚಾರಿಯ ಹತ್ತಿರ ಸದ್ದಿಲ್ಲದೆ ಮಾಡಿಸಿಕೊಂಡದ್ದಾದರೆ 22 ಕ್ಯಾರೆಟ್‌ನ ಹತ್ತಿರ ಇದ್ದೀತು. ಕಾನೂನಿನ ಪ್ರಕಾರ ಮಾಡಿದ್ದಾದರೆ 14.

ಇದರಿಂದ ಏನು ವ್ಯತ್ಯಾಸ? 22 ಕ್ಯಾರೆಟ್ ಎಂದರೆ ಸಾವಿರಕ್ಕೆ 916 ಪಾಲು ಬಂಗಾರ, 14 ಕ್ಯಾರೆಟ್ ಎಂದರೆ 585 ಪಾಲು. ಆರು ಗ್ರಾಂ ಉಂಗುರ 22 ಕ್ಯಾರೆಟ್ ಆಗಿದ್ದರೆ ಅದರಲ್ಲಿ ಸುಮಾರು ಐದೂವರೆ ಗ್ರಾಂ ಅಪ್ಪಟ ಬಂಗಾರ. 14 ಆಗಿದ್ದರೆ ಬರೀ ಮೂರೂವರೆ. ಅಮ್ಮ ಮನಸ್ಸಿನಲ್ಲಿ ಆರು ಗ್ರಾಂ ಎಂದು ಲೆಕ್ಕ ಹಾಕಿಕೊಂಡಿರುತ್ತಾರೆ, ಅಂಗಡಿಯವರು ಕಡಿಮೆ ಹೇಳಿದಾಗ ಮೋಸ ಎಂದುಕೊಳ್ಳುತ್ತಾರೆ. ಮೋಸವೇ ಇರಬಹುದು, ಇಲ್ಲದೆಯೂ ಇರಬಹುದು. ಆದ್ದರಿಂದ ಮೊದಲು ಪರೀಕ್ಷೆ ಮಾಡಿಸಿ. ಅಂಗಡಿಗಳಲ್ಲಿರುವ ಕ್ಷಕಿರಣದ ಯಂತ್ರ ಒಂದು ನಿಮಿಷದೊಳಗೆ ಉತ್ತರ ಕೊಡುತ್ತದೆ, ಆದರೆ ಅದು ನೋಡುವುದು ಮೇಲ್ಪದರವನ್ನು ಮಾತ್ರ. ಹಳೆಯ ಒಡವೆಯಲ್ಲಿ ಬೆಸುಗೆ ಇರುವ ಜಾಗ ಒಂದು ತೋರಿಸಿದರೆ ಉಳಿದ ಜಾಗ ಇನ್ನೊಂದು ತೋರಿಸುತ್ತದೆ. ಎರಡು ಮೂರು ಕಡೆ ಇಟ್ಟು ನೋಡಲು ಹೇಳಿ. ಭಾರತೀಯ ಮಾನಕ ಬ್ಯೂರೋ ಮಾನ್ಯತೆ ಪಡೆದ ಪರೀಕ್ಷಾ ಕೇಂದ್ರಗಳು ಸಾರ್ವಜನಿಕರ ಒಡವೆಯನ್ನೂ ಶುಲ್ಕ ಪಡೆದು ಪರೀಕ್ಷಿಸಿ ವರದಿ ಕೊಡುತ್ತವೆ. ಆ ವರದಿ ಕೈಯಲ್ಲಿ ಹಿಡಿದೇ ಮಂಡಿಪೇಟೆಗೆ ಹೋಗಿ.

ಇಷ್ಟಾದ ಮೇಲೂ ಕರಗಿಸಬೇಡಿ ಎಂಬುದೇ ನನ್ನ ಸಲಹೆ. ಕರಗಿಸಿದ ಮೇಲೆ ಅದು ನಿಮ್ಮ ಅಜ್ಜನ ಬಂಗಾರವಾಗಿ ಉಳಿಯುವುದು ಕಷ್ಟ. ದೊಡ್ಡ ಅಂಗಡಿಗಳಲ್ಲಿ ನಿಮ್ಮ ಉಂಗುರದ ಬೆಲೆ ಕಟ್ಟಿ ಹೊಸದರ ಬಿಲ್ಲಿನಲ್ಲಿ ಕಳೆಯುತ್ತಾರೆ ಅಷ್ಟೇ, ನಿಮ್ಮ ಲೋಹ ಎಲ್ಲಿಗೋ ಹೋಗುತ್ತದೆ, ಯಾವುದೋ ಲೋಹದ ಉಂಗುರ ನಿಮಗೆ ಬರುತ್ತದೆ. ಅಮ್ಮನಿಗೆ ಬೇಕಾಗಿರುವುದು ಆ ಬೆಲೆಯೋ, ಆ ಉಂಗುರವೋ ಎಂದು ಒಮ್ಮೆ ಕೇಳಿ ನೋಡಿ. ಉಂಗುರವೇ ಆದರೆ ಅಳತೆ ಬದಲಾಯಿಸುವುದು ಸಣ್ಣ ಕೆಲಸ. ಚಿಕ್ಕದು ಮಾಡಬೇಕಿದ್ದರೆ ಹಿಂಭಾಗದಲ್ಲಿ ತುಸು ಕತ್ತರಿಸಿ ಬೆಸೆಯುತ್ತೇವೆ. ದೊಡ್ಡದು ಮಾಡಬೇಕಿದ್ದರೆ ಅದೇ ಶುದ್ಧತೆಯ ಚೂರು ಸೇರಿಸುತ್ತೇವೆ. ಒಂದು ನಂಬರ್ ವ್ಯತ್ಯಾಸವಾದರೆ ಅಳತೆಗೋಲಿಗೆ ಏರಿಸಿ ಬಡಿದೇ ಹಿಗ್ಗಿಸಬಹುದು. ಮೇಲಿನ ಅಕ್ಷರವೋ ಕೆತ್ತನೆಯೋ ಹಾಗೆಯೇ ಉಳಿಯುತ್ತದೆ. ಬೆಸುಗೆಗೆ ಕ್ಯಾಡ್ಮಿಯಂ ಬಳಸಬೇಡಿ ಎಂದು ಮೊದಲೇ ಹೇಳಿ. ಕೆಡಿಎಂ ಎಂದು ಹೆಮ್ಮೆಯಿಂದ ಮಾರುತ್ತಿದ್ದದ್ದು ಅದನ್ನೇ. ಅದರ ಹೊಗೆ ಕೆಲಸ ಮಾಡುವವರ ಶ್ವಾಸಕೋಶ, ಮೂತ್ರಪಿಂಡಗಳಿಗೆ ವಿಷ.

ಕರಗಿಸಲೇಬೇಕು ಎಂದಾದರೆ ಕೈಕೆಲಸದ ಆಚಾರಿಯ ಬಳಿ, ನೀವು ಎದುರು ಕುಳಿತಿರುವಾಗ, ಮೂಸೆಯಲ್ಲಿ ಬಿಳಿಗಾರ ಹಾಕಿ ಕರಗಿಸುವವರ ಹತ್ತಿರ ಹೋಗಿ. ಕರಗುವ ಮುಂಚಿನ ತೂಕ, ಗಟ್ಟಿಯಾದ ಮೇಲಿನ ತೂಕ ಎರಡನ್ನೂ ಬರೆಸಿಕೊಳ್ಳಿ. ಕೊಳೆ, ಅರಗು, ಹಳೆಯ ಬೆಸುಗೆ ಸುಟ್ಟು ತುಸು ಇಳಿಯುವುದು ಸಹಜ. ಇಲ್ಲೊಂದು ತೊಡಕಿದೆ. ವರ್ಷಕ್ಕೆ 40 ಲಕ್ಷ ರೂಪಾಯಿಗಿಂತ ಕಡಿಮೆ ವಹಿವಾಟಿನ ಸಣ್ಣವರಿಗೆ ಹಾಲ್‌ಮಾರ್ಕ್ ಕಡ್ಡಾಯವಲ್ಲ, ಅವರು ಮಾಡಿದ ಉಂಗುರಕ್ಕೆ ಮುದ್ರೆ ಇರಲಿಕ್ಕಿಲ್ಲ. ನೋಂದಾಯಿತ ಅಂಗಡಿಯಿಂದ ಹೊಸದು ಕೊಂಡರೆ ಮೂರು ಗುರುತು ನೋಡಿ: ಬ್ಯೂರೋದ ತ್ರಿಕೋನ ಚಿಹ್ನೆ, 22ಕೆ916 ಎಂಬ ಶುದ್ಧತೆ, ಆರು ಅಕ್ಷರ ಅಂಕಿಗಳ ವಿಶಿಷ್ಟ ಸಂಖ್ಯೆ. 2023ರ ಏಪ್ರಿಲ್ 1ರಿಂದ ಆ ಸಂಖ್ಯೆ ಇಲ್ಲದ ಹಾಲ್‌ಮಾರ್ಕ್ ಒಡವೆ ಮಾರುವಂತಿಲ್ಲ. ಬಿಐಎಸ್ ಕೇರ್ ಎಂಬ ಮೊಬೈಲ್ ಆ್ಯಪ್‌ನಲ್ಲಿ ಸಂಖ್ಯೆ ಹಾಕಿದರೆ ಒಡವೆಯ ವಿವರ ಬರುತ್ತದೆ. ಎರಡು ಗ್ರಾಂಗಿಂತ ಕಡಿಮೆ ತೂಕದ್ದಕ್ಕೆ ವಿನಾಯಿತಿ ಇದೆ. ಹಗುರವಾದ ಹೆಣ್ಣುಮಕ್ಕಳ ಉಂಗುರ ಕೊಳ್ಳುವಾಗ ಇದು ನೆನಪಿರಲಿ.

ದೊಡ್ಡಮ್ಮನವರ ಅಳುಕಿಗೆ ಬರುತ್ತೇನೆ. ತೀರಿಕೊಂಡವರ ಬಟ್ಟೆಯನ್ನು ಮನೆಯವರು ತೊಡುವುದಿಲ್ಲ, ಚಾಪೆ ಹಾಸಿಗೆ ಕೊಟ್ಟುಬಿಡುತ್ತೇವೆ. ಬಂಗಾರದ ವಿಷಯದಲ್ಲಿ ನಮ್ಮ ಜನ ಎಂದೂ ಹಾಗೆ ಮಾಡಿದವರಲ್ಲ. ಅಜ್ಜಿಯ ಸರ ಮೊಮ್ಮಗಳ ತಾಳಿಗೆ ಬರುತ್ತದೆ, ಅಜ್ಜನ ಉಂಗುರ ಮೊಮ್ಮಗನ ಉಡಿದಾರದ ಗೆಜ್ಜೆಯಾಗುತ್ತದೆ. ಬಂಗಾರಕ್ಕೆ ಮೈಲಿಗೆ ಇಲ್ಲ ಎಂಬ ಮಾತನ್ನು ಹೇಳುತ್ತಾ ಬಂದವರು ಹಿರಿಯರೇ. ಲಿಂಗೈಕ್ಯರಾದವರನ್ನು ಶಿವನಲ್ಲಿ ಸೇರಿದರು ಎನ್ನುವ ಮನೆತನದಲ್ಲಿ ಅವರ ಉಂಗುರಕ್ಕೆ ಸೂತಕ ಹಚ್ಚುವುದು ನನಗೆ ಒಪ್ಪಿಗೆಯಾಗದ ಮಾತು. ದೊಡ್ಡಮ್ಮನ ಸಮಾಧಾನಕ್ಕೆ ಅದನ್ನು ತೊಳೆದು ವಿಭೂತಿ ಹಚ್ಚಿ ದೇವರ ಮುಂದೆ ಇಡಿ, ಜಂಗಮರಿಂದ ಮುಟ್ಟಿಸಿ. ಇನ್ನೊಂದು ಮಾತು, ಯಾರಾದರೂ ಹೇಳಬೇಕಾದದ್ದು: ಆ ಉಂಗುರವನ್ನು ಅಳಿಯನ ಕೈಗೆ ಹಾಕುವವರು ನಿಮ್ಮ ಅಮ್ಮನೇ ಆಗಿರಲಿ. ವಿಧವೆ ಮುಂದೆ ಬರಬಾರದು ಎಂದು ಮಂಟಪದ ಹತ್ತಿರ ಯಾರೋ ಪಿಸುಗುಟ್ಟಿದರೆ, ಬಸವಣ್ಣನ ಹೆಸರು ಹೇಳಿಕೊಳ್ಳುವ ಎರಡು ಮನೆಗಳಲ್ಲಿ ಅದಕ್ಕೆ ಉತ್ತರ ಕೊಡುವುದು ಹುಡುಗನ ಕೆಲಸ.

ನೀಲದ ಬಗ್ಗೆ ಹೆಚ್ಚು ಹೇಳುವುದಿಲ್ಲ. ಹಸ್ತಸಾಮುದ್ರಿಕದವರು ತೋರುಬೆರಳನ್ನು ಗುರುವಿಗೆ, ನಡುಬೆರಳನ್ನು ಶನಿಗೆ, ಉಂಗುರ ಬೆರಳನ್ನು ಸೂರ್ಯನಿಗೆ, ಕಿರುಬೆರಳನ್ನು ಬುಧನಿಗೆ ಕೊಡುತ್ತಾರೆ, ಶನಿಯ ರತ್ನ ನೀಲವಾದ್ದರಿಂದ ನಡುಬೆರಳು. ನಂಬುವುದು ಬಿಡುವುದು ಆ ಮನೆಯವರಿಗೆ ಬಿಟ್ಟದ್ದು, ಆದರೆ ಜಾತಕದ ಕಲ್ಲಿನ ಖರ್ಚು ಜಾತಕದವರದೇ ಆಗಲಿ, ಹೆಣ್ಣಿನ ಮನೆಯ ಮೇಲೆ ಹೇರುವುದು ಬೇಡ. ಅಂಗಡಿಯಲ್ಲಿ ಎರಡು ಎಚ್ಚರಿಕೆ. ಕೃತಕ ನೀಲವನ್ನು ಕಾರ್ಖಾನೆಯಲ್ಲಿ ಬೆಳೆಸುವ ವಿದ್ಯೆ ನೂರು ವರ್ಷಕ್ಕಿಂತ ಹಳೆಯದು, ಬರಿಗಣ್ಣಿಗೆ ಅದು ಗಣಿಯ ನೀಲಕ್ಕಿಂತ ಚೆಂದ ಕಾಣುತ್ತದೆ, ಬೆಲೆ ಮಾತ್ರ ಅದರ ಕಾಲು ಭಾಗವೂ ಇರಬಾರದು. ಪ್ರಯೋಗಾಲಯದ ಪ್ರಮಾಣಪತ್ರವಿಲ್ಲದೆ ಕೊಳ್ಳಬೇಡಿ. ಇನ್ನು ಐದು ರತ್ತಿ ಎಂದರೆ ಯಾವ ರತ್ತಿ ಎಂದು ಕೇಳಿ. ಗುಲಗಂಜಿಯ ಹಳೆಯ ರತ್ತಿ ಸುಮಾರು 121 ಮಿಲಿಗ್ರಾಂ, ರತ್ನದ ವ್ಯಾಪಾರಿಗಳ ರತ್ತಿ ಸುಮಾರು 182. ಐದಕ್ಕೆ ಗುಣಿಸಿದರೆ ಒಂದೂವರೆ ಕ್ಯಾರೆಟ್‌ನಷ್ಟು (ಕಲ್ಲಿನ ಲೆಕ್ಕದಲ್ಲಿ ಕ್ಯಾರೆಟ್ ಎಂದರೆ ಶುದ್ಧತೆಯಲ್ಲ, 200 ಮಿಲಿಗ್ರಾಂ ತೂಕ) ವ್ಯತ್ಯಾಸ ಬೀಳುತ್ತದೆ, ಅದು ಸಣ್ಣ ದುಡ್ಡಲ್ಲ.

ಗಿರಣಿಯವರಿಗೆ ಮಾತ್ರ ಗಟ್ಟಿಯಾಗಿ ಹೇಳಬೇಕಾದದ್ದಿದೆ. ಓಡುವ ಬೆಲ್ಟು, ಗಾಲಿ, ತಿರುಗುವ ಶಾಫ್ಟ್ ಹತ್ತಿರ ಕೆಲಸ ಮಾಡುವ ಕೈಯಲ್ಲಿ ಯಾವ ಉಂಗುರವೂ ಇರಬಾರದು, ಎದ್ದು ನಿಲ್ಲುವ ಕಲ್ಲಿನದಂತೂ ಬೇಡವೇ ಬೇಡ. ಉಂಗುರ ಸಿಕ್ಕಿಕೊಂಡು ಎಳೆದರೆ ಬೆರಳಿನ ಚರ್ಮ ಬುಡದಿಂದ ಸುಲಿದು ಬರುತ್ತದೆ. ನಿಮ್ಮ ಆಸ್ಪತ್ರೆಗೆ ಬಂದ ಅಂಥ ಕೈಗಳನ್ನು ನೀವು ನೋಡಿರಬಹುದು. ಬಂಗಾರ ಮೃದು, ಬೇಗ ಮುರಿಯುತ್ತದೆ ಎಂದು ಧೈರ್ಯ ಹೇಳುವವರಿದ್ದಾರೆ. ಬೆರಳು ಅದಕ್ಕಿಂತ ಮೃದು. ಟ್ರ್ಯಾಕ್ಟರಿನಿಂದ, ಲಾರಿಯಿಂದ ಹಾರಿ ಇಳಿಯುವಾಗಲೂ ಇದೇ ಅಪಾಯ. ಗಿರಣಿಯ ಕಚೇರಿಯಲ್ಲಿ ಉಂಗುರಕ್ಕೊಂದು ಮೊಳೆ ಹೊಡೆಸಿ, ಒಳಗೆ ಹೋಗುವ ಮುನ್ನ ಅಲ್ಲಿ ತೂಗುಹಾಕುವುದನ್ನು ನಿಶ್ಚಿತಾರ್ಥದ ವಾರದಿಂದಲೇ ರೂಢಿ ಮಾಡಿಸಿ.

ಕೊನೆಗೆ ದಿನಗಳ ಲೆಕ್ಕ. ಲಗ್ನದ ತಿಂಗಳುಗಳಲ್ಲಿ, ಅಕ್ಷಯ ತೃತೀಯ ಮತ್ತು ಬಸವ ಜಯಂತಿಯ ಆಸುಪಾಸಿನಲ್ಲಿ ಒಳ್ಳೆಯ ಕೈಕೆಲಸದವರಿಗೆ ಉಸಿರಾಡಲು ಬಿಡುವಿರುವುದಿಲ್ಲ, ಅವಸರದಲ್ಲಿ ಹಚ್ಚಿದ ಬೆಸುಗೆ ಗೆರೆಯಾಗಿ ಕಾಣುತ್ತದೆ. ಈ ವಾರವೇ ಉಂಗುರದ ಪರೀಕ್ಷೆ ಮಾಡಿಸಿ, ಹುಡುಗ ದಾವಣಗೆರೆಗೆ ಬಂದಾಗ ಎರಡೂ ಕೈಯ ಅಳತೆ ತೆಗೆಸಿ, ಕೆಲಸಕ್ಕೆ ಕೊಡುವಾಗ ತೂಕದ ಜೊತೆ ಉಂಗುರದ ಒಳಗೂ ಹೊರಗೂ ಫೋಟೊ ತೆಗೆದುಕೊಂಡು ಚೀಟಿ ಪಡೆಯಿರಿ.